ಮಾನ್ಯ ಸದಸ್ಯರ ಮನೆಯ ಅನ್ನ

ಹನ್ನೊಂದನೆಯ ಭಿಕ್ಷುವೂ ನಿಲ್ಲದೆ ದಾಟಿಹೋದಾಗ ಊ ಕಾನ್ ಬೋನ ಕೈಯಲ್ಲಿದ್ದ ಸೌಟು ಅನ್ನದ ಸಮೇತ ಗಾಳಿಯಲ್ಲೇ ಉಳಿಯಿತು. ಕೆಳಗಿಳಿಸಿದರೆ ಸೋತಂತೆ, ಹಾಗೇ ಹಿಡಿದುಕೊಂಡಿದ್ದರೆ ಹುಚ್ಚನಂತೆ. ಎರಡರ ನಡುವೆ ಗೌರವದ್ದೊಂದು ಎತ್ತರ ಇದ್ದೀತೆಂದು ಅವನು ಸೌಟನ್ನು ಎದೆಯ ಮಟ್ಟಕ್ಕೆ ತಂದು ನಿಲ್ಲಿಸಿದ. ಹನ್ನೆರಡನೆಯವರು ಬಂದರು. ಅವರ ಕಣ್ಣು ಆರಡಿ ಮುಂದಿನ ಮಣ್ಣಿನ ಮೇಲಿತ್ತು, ಪಾತ್ರೆಯ ಮುಚ್ಚಳ ಮುಚ್ಚಿತ್ತು. ಅವಮಾನ ಮಾಡುವವನ ಮುಖದಲ್ಲಿ ಸಿಟ್ಟೋ ತಿರಸ್ಕಾರವೋ ಇದ್ದರೆ ಅದನ್ನು ಹಿಡಿದುಕೊಂಡು ವಾದಕ್ಕಾದರೂ ಇಳಿಯಬಹುದು. ಇವರ ಮುಖದಲ್ಲಿ ಏನೂ ಇರಲಿಲ್ಲ. ಬೇಲಿಯ ಕಂಬವನ್ನು ದಾಟುವಂತೆ ಅವನನ್ನು ದಾಟಿದರು. ನಾಲ್ಕು ಹೆಜ್ಜೆ ಆಚೆ, ಎದುರುಮನೆಯ ಡೋ ಎ ತೀಯ ಮುಂದೆ ಅದೇ ಭಿಕ್ಷು ನಿಂತರು, ಮುಚ್ಚಳ ತೆರೆಯಿತು, ಸಂತೆಯಲ್ಲಿ ಉಪ್ಪಿನಲ್ಲಿ ಹಾಕಿದ ಚಹಾದೆಲೆ ಮಾರುವ ಆ ಹೆಂಗಸಿನ ಸೌಟಿನಿಂದ ಬಿಸಿ ಅನ್ನ ಒಳಗೆ ಬಿತ್ತು. ಡೋ ಎ ತೀ ಇವನ ಕಡೆ ನೋಡಲಿಲ್ಲ. ನೋಡದಿರಲು ಅವಳು ಪಟ್ಟ ಕಷ್ಟ ಮಾತ್ರ ರಸ್ತೆಗೆಲ್ಲ ಕಾಣುವಂತಿತ್ತು.

ಹದಿನೆಂಟನೆಯವರು ದಾಟಿದ ಮೇಲೆ ರಸ್ತೆ ಖಾಲಿಯಾಯಿತು. ಸಾಲಿನ ಮೊದಲಿಗರಾಗಿ ಹೋದವರು ವಿಹಾರದ ಹಿರಿಯರು, ಊ ನಂದಿಯ ಸಯಾಡೋ. ನಲವತ್ತು ವರ್ಷದ ಹಿಂದೆ ಇವನ ಜೊತೆ ಒಂದೇ ದಿನ ತಲೆ ಬೋಳಿಸಿಕೊಂಡು, ಒಂದೇ ಚಾಪೆಯಲ್ಲಿ ಹಸಿವಿನಿಂದ ಅತ್ತವರು. ಇವನು ಏಳನೆಯ ದಿನ ಕಾಷಾಯ ಬಿಚ್ಚಿ ಮನೆಗೆ ಬಂದ. ಅವರು ಅಲ್ಲೇ ಉಳಿದರು. ಆ ಗೆಳೆತನದ ಮೇಲೆ ಇವತ್ತು ಇವನಿಗೆ ಒಂದಿಷ್ಟು ಭರವಸೆಯಿತ್ತು. ತಾನು ಸದಸ್ಯನಾಗಿದ್ದ ರಂಗೂನಿನ ಕೌನ್ಸಿಲ್ಲಿನಲ್ಲಿ ಹೀಗಾಗಿದ್ದರೆ ಎದ್ದುನಿಂತು ಪ್ರಶ್ನೆ ಕೇಳುತ್ತಿದ್ದ: ಸರ್ಕಾರವು ದಯಮಾಡಿ ತಿಳಿಸುವುದೇ, (ಅ) ಝೀಬ್ಯೂಗೋನ್ ಪಟ್ಟಣದ ಭಿಕ್ಷುಗಳಿಗೆ ಹಸಿವು ಇದೆಯೇ, (ಆ) ಇದ್ದಲ್ಲಿ, ಮಾನ್ಯ ಸದಸ್ಯರ ಮನೆಯ ಅನ್ನಕ್ಕೆ ಏನಾಗಿದೆ. ಉತ್ತರವೂ ಅವನಿಗೆ ಬಾಯಿಪಾಠವಾಗಿತ್ತು: ಮಾಹಿತಿಯನ್ನು ಸಂಗ್ರಹಿಸಲಾಗುತ್ತಿದೆ.

ಅನ್ನಕ್ಕೆ ಏನಾಗಿದೆಯೆಂದು ಗೊತ್ತಿಲ್ಲದವರು ಊರಲ್ಲಿ ಯಾರೂ ಇರಲಿಲ್ಲ. ಹೋದ ಚುನಾವಣೆಗೆ ಯಾರೂ ನಿಲ್ಲಬಾರದು, ಯಾರೂ ವೋಟು ಹಾಕಬಾರದು, ಬಿಳಿಯರ ಕೌನ್ಸಿಲ್ಲಿನಲ್ಲಿ ಕುರ್ಚಿ ಬೆಚ್ಚಗೆ ಮಾಡುವವನು ದೇಶಕ್ಕೂ ಧರ್ಮಕ್ಕೂ ಹೊರಗಿನವನು ಎಂದು ಊರಿನ ದೇಶಭಕ್ತರ ಸಂಘದವರೂ ಭಿಕ್ಷುಗಳೂ ಒಂದೇ ಬಾಯಲ್ಲಿ ಹೇಳಿದ್ದರು. ಇವನು ನಿಂತ. ಹನ್ನೊಂದು ಸಾವಿರ ವೋಟಿನ ಕ್ಷೇತ್ರದಲ್ಲಿ ಇವನಿಗೆ ಬಂದದ್ದು ಎಂಬತ್ತಮೂರು, ಎದುರಾಳಿಗೆ ಎಪ್ಪತ್ತೊಂಬತ್ತು. ಆ ಎಂಬತ್ತಮೂರು ಮಂದಿಯನ್ನು ಅವನು ಹೆಸರು ಹಿಡಿದು ಕರೆಯಬಲ್ಲವನಾಗಿದ್ದ: ಕಚೇರಿಯ ಗುಮಾಸ್ತರು, ಸ್ಟೇಷನ್ ಮಾಸ್ತರು, ಸರ್ಕಾರಿ ಕಂಟ್ರಾಕ್ಟರು, ಅವರ ಅಳಿಯಂದಿರು, ಮತ್ತು ಕುಡಿದ ಅಮಲಿನಲ್ಲಿ ಅದು ದೋಣಿ ಹತ್ತುವ ಚೀಟಿಯೆಂದುಕೊಂಡು ಪೆಟ್ಟಿಗೆಯೊಳಗೆ ಹಾಕಿದ ಒಬ್ಬ ಅಂಬಿಗ. ಪ್ರಜಾಪ್ರತಿನಿಧಿಯೊಬ್ಬನಿಗೆ ತನ್ನ ಪ್ರಜೆಗಳ ಜೊತೆ ಇಷ್ಟು ಹತ್ತಿರದ ಪರಿಚಯ ಇರುವುದು ಇಂಗ್ಲೆಂಡಿನಲ್ಲೂ ಅಪರೂಪ ಎಂದು ಡೆಪ್ಯುಟಿ ಕಮಿಷನರ್ ಸಾಹೇಬರು ಚಹಾದ ಹೊತ್ತಿನಲ್ಲಿ ನಗದೆ ಹೇಳಿದ್ದರು. ಇವನೂ ನಗದೆ ಒಪ್ಪಿದ್ದ. ಅದು ತಮಾಷೆಯಾಗಿತ್ತೆಂದು ಮನೆಗೆ ಬರುವ ದಾರಿಯಲ್ಲಿ ಹೊಳೆದು, ಗಾಡಿಯೊಳಗೆ ಒಬ್ಬನೇ ಕೂತು, ತಡವಾಗಿ ನಕ್ಕಿದ್ದ.

ಫಲಿತಾಂಶ ಬಂದ ಮೂರನೆಯ ದಿನ ವಿಹಾರದಲ್ಲಿ ಸಭೆ ಸೇರಿ ಇವನ ಮನೆಗೆ ಪಾತ್ರೆ ಮಗುಚಿದರು. ಅಂದರೆ ಯಾರೂ ಯಾವುದನ್ನೂ ಮಗುಚಲಿಲ್ಲ. ಈ ಮನೆಯ ಅನ್ನ ನಮಗೆ ಬೇಡ ಎಂದು ನಿಶ್ಚಯಿಸಿದರು, ಮಾರನೆಯ ದಿನದಿಂದ ನಿಲ್ಲದೆ ನಡೆದರು. ಅವನಿಗೆ ಅದು ತಟ್ಟಲಿಲ್ಲ. ಆಗ ಅವನು ಹೆಚ್ಚಾಗಿ ರಂಗೂನಿನಲ್ಲಿರುತ್ತಿದ್ದ. ಊರಿಗೆ ಬಂದಾಗ ಬಿಸಿಲು ಏರುವವರೆಗೆ ಮಲಗುತ್ತಿದ್ದ. ನಿದ್ದೆಯ ತಳದಲ್ಲಿ ಎಲ್ಲೋ ಅಡಿಗೆಮನೆಯಲ್ಲಿ ಪಾತ್ರೆಯ ಸದ್ದು, ಗೇಟಿನ ಕೀಲು ಕಿರುಗುಟ್ಟುವುದು, ಸ್ವಲ್ಪ ಹೊತ್ತಿಗೆ ಕಾಗೆಗಳ ಗದ್ದಲ ಕೇಳಿಸುತ್ತಿತ್ತು. ಅಮ್ಮ ಐವತ್ತು ವರ್ಷದಿಂದ ಮಾಡಿದ್ದನ್ನೇ ಮಾಡುತ್ತಿದ್ದಳು. ಕತ್ತಲಿರುವಾಗಲೇ ಎದ್ದು ಅನ್ನ ಮಾಡಿ, ಸೊಸೆಯ ಭುಜ ಹಿಡಿದು ಗೇಟಿಗೆ ಬಂದು, ಸೌಟು ಹಿಡಿದು ನಿಲ್ಲುತ್ತಿದ್ದಳು. ಹದಿನೆಂಟು ಮಂದಿ ದಾಟುವವರೆಗೂ ನಿಲ್ಲುತ್ತಿದ್ದಳು. ಆಮೇಲೆ ಅನ್ನವನ್ನು ಕಾಗೆಗೆ ಹಾಕುತ್ತಿದ್ದಳು. ನಾಲ್ಕು ತಿಂಗಳು. ಕಾಗೆಯ ಗದ್ದಲಕ್ಕೆ ಎಚ್ಚರವಾಗಿ ಅವನು ಒಂದು ಸಲ ಮಲಗಿದಲ್ಲಿಂದಲೇ ಕೂಗಿ ಆ ಕಾಗೆಗಳನ್ನು ಯಾರಾದರೂ ಓಡಿಸಬಾರದೇ ಎಂದು ಗದರಿದ್ದ. ಅಮ್ಮನೇ ಓಡಿಸಿದ್ದಳು. ಹುಶ್, ಹುಶ್ ಎನ್ನುವ ಆ ದನಿ ಈಗ ಗೇಟಿನ ಬಳಿ ತಣ್ಣಗಾಗುತ್ತಿದ್ದ ಅನ್ನದ ಮುಂದೆ ನಿಂತಾಗ, ಯಾರೋ ಕಿವಿಯಲ್ಲೇ ಹೇಳಿದಷ್ಟು ಸ್ಪಷ್ಟವಾಗಿ ಕೇಳಿಸಿತು. ಹದಿನೆಂಟು ಮಂದಿ ದಾಟಲು ಎಷ್ಟು ಹೊತ್ತು ಹಿಡಿಯುತ್ತದೆಂದು ಅವನಿಗೆ ಇವತ್ತಿನವರೆಗೆ ಗೊತ್ತಿರಲಿಲ್ಲ. ಅದು ಬಹಳ ಹೊತ್ತು.

ಇವತ್ತು ಅಮ್ಮ ಸತ್ತ ಏಳನೆಯ ದಿನ. ಮಧ್ಯಾಹ್ನ ಹನ್ನೆರಡರೊಳಗೆ ಭಿಕ್ಷುಗಳು ಬಂದು, ಉಂಡು, ಆ ಪುಣ್ಯವನ್ನು ಮನೆಯವರು ಅವಳ ಹೆಸರಿಗೆ ಹಂಚಬೇಕು. ಹಂಚದಿದ್ದರೆ ಅಮ್ಮ ಡೋ ಪ್ವಾ ಶಿನ್‌ಳ ಜೀವ, ಒಳಗೆ ಸಿಕ್ಕಿಕೊಂಡ ಚಿಟ್ಟೆಯಂತೆ, ಹೊರಗಿನ ದಾರಿ ತಿಳಿಯದೆ ಇದೇ ಮನೆಯ ತೊಲೆಗಳ ನಡುವೆ ಸುತ್ತುತ್ತಿರುತ್ತದೆ. ಇದನ್ನು ಅವನು ನಂಬುತ್ತಿರಲಿಲ್ಲ, ಅಂದರೆ ರಂಗೂನಿನಲ್ಲಿ ನಂಬುತ್ತಿರಲಿಲ್ಲ. ಇಲ್ಲಿ, ಅವಳಿಗಾಗಿ ಆರು ರಾತ್ರಿ ಬಾಗಿಲು ತೆರೆದಿಟ್ಟು, ಅವಳ ಹಾಸಿಗೆಯ ಪಕ್ಕ ನೀರಿನ ಗಡಿಗೆ ಇಟ್ಟು ಮಲಗಿದ ಮೇಲೆ, ನಂಬುವುದು ಬಿಡುವುದು ಅವನ ಕೈಯಲ್ಲಿರಲಿಲ್ಲ. ಆ ಆರು ರಾತ್ರಿ ಸಾವಿನ ಮನೆಗೆ ಜನ ಬಂದು ಕೂರಬೇಕು, ಇಸ್ಪೀಟು ಆಡಬೇಕು, ಚುಟ್ಟ ಸೇದುತ್ತ ಸತ್ತವಳ ಬಗ್ಗೆ ಸುಳ್ಳುಸುಳ್ಳೇ ಒಳ್ಳೆಯ ಮಾತಾಡಬೇಕು. ಸಾವಿನ ಮನೆಯ ಜೂಜಿಗೆ ಸರ್ಕಾರವೂ ಕಣ್ಣುಮುಚ್ಚುತ್ತದೆ. ಕಣ್ಣುಮುಚ್ಚಲೆಂದೇ ಎರಡನೆಯ ರಾತ್ರಿ ಬಂದ ಸಬ್ ಇನ್ಸ್‌ಪೆಕ್ಟರು ಖಾಲಿ ಚಾಪೆಗಳನ್ನು ನೋಡಿ, ಮುಚ್ಚಲು ಏನೂ ಇಲ್ಲದೆ, ತಾನೇ ಕೂತು ಇವನ ಜೊತೆ ಎರಡಾಟ ಆಡಿ, ಸೋತು ಹೋಗಿದ್ದ. ಶಿಷ್ಟಾಚಾರಕ್ಕಾಗಿ ಸೋತನೆಂದು ಇಬ್ಬರಿಗೂ ಗೊತ್ತಿತ್ತು.

ಒಳಗೆ ಹೆಂಡತಿ ಮಾ ನ್ಯೋ ವಾಡಿಕೆಯಂತೆ ಒಂಬತ್ತು ಭಿಕ್ಷುಗಳಿಗೆ ಅಡಿಗೆ ಮಾಡಿಟ್ಟಿದ್ದಳು: ತೆಂಗಿನಹಾಲಿನ ಅನ್ನ, ಹಂದಿಮಾಂಸದ ಸಾರು, ಹುಣಸೆಚಿಗುರಿನ ಹುಳಿ, ಅಮ್ಮನಿಗೆ ಇಷ್ಟವಾಗಿದ್ದ ಮುಳ್ಳು ಜಾಸ್ತಿಯ ಮೀನನ್ನು ಮುಳ್ಳು ಕರಗುವವರೆಗೆ ಬೇಯಿಸಿದ್ದು. ಜಗಲಿಯಲ್ಲಿ ಒಂಬತ್ತು ಚಾಪೆ. ಅವಳ ತಮ್ಮ ಕೋ ಲುನ್ ಕಂಬಕ್ಕೆ ಒರಗಿ ಎಲೆಯಡಿಕೆ ಮೆಲ್ಲುತ್ತಿದ್ದ. ಬೇರೆ ಊರಿಂದ ಭಿಕ್ಷುಗಳನ್ನು ತರುವ ಜವಾಬ್ದಾರಿ ಅವನದಾಗಿತ್ತು. ನಿನ್ನೆ ಹೊಳೆಯಾಚೆಯಿಂದ ಒಬ್ಬರು ಮುದುಕರನ್ನು, ಮನೆ ಯಾರದೆಂದು ಹೇಳದೆ, ದೋಣಿಯಲ್ಲಿ ಅರ್ಧದವರೆಗೆ ತಂದಿದ್ದನಂತೆ. ಅಂಬಿಗ ಹೇಳಿಬಿಟ್ಟ. ಮುದುಕರು ನಡುಹೊಳೆಯಲ್ಲಿ ದೋಣಿ ತಿರುಗಿಸಿ ಎಂದರಂತೆ. ಯಾವ ಅಂಬಿಗ ಎಂದು ಇವನು ಕೇಳಿದ. ಅದೇ ಅಂಬಿಗ, ವೋಟಿನ ಚೀಟಿಯವನು, ಈಗ ಕುಡಿಯುವುದು ಬಿಟ್ಟಿದ್ದಾನೆ ಎಂದು ಕೋ ಲುನ್ ವಿಷಾದದಿಂದ ಹೇಳಿದ. ಆಮೇಲೆ ಪಿಚಕ್ಕನೆ ಹೊರಗೆ ಉಗಿದು ಬಂದು, ಎದುರಿಗೆ ಕೂತ.

"ಭಾವ, ಒಂದು ಮಾತು ಹೇಳ್ತೀನಿ, ಬಯ್ಯಬೇಡಿ. ಆ ಕುರ್ಚೀಲಿ ಕೂತು ನೀವು ಇಲ್ಲೀವರೆಗೆ ಮಾಡಿದ್ದಾದ್ರೂ ಏನು?"

ಹೊಳೆಕಟ್ಟೆಯ ಮೆಟ್ಟಿಲು ಎತ್ತರಿಸುವ ಬಗ್ಗೆ ಪ್ರಶ್ನೆ ಕೇಳಿದ್ದೇನೆ ಎಂದ.

"ಎತ್ತರಿಸಿದ್ರಾ?"

ಮಾಹಿತಿ ಸಂಗ್ರಹಿಸುತ್ತಿದ್ದಾರೆ ಎಂದ. ಹಾಗೆ ಹೇಳುವಾಗ ತನ್ನ ದನಿಯಲ್ಲಿ ಸರ್ಕಾರದ ಪರವಾದ ಒಂದು ನೋವು ಇದ್ದುದನ್ನು ತಾನೇ ಕೇಳಿ ಅವನಿಗೆ ಮುಜುಗರವಾಯಿತು. ಅಮ್ಮನೂ ಇದನ್ನೇ ಕೇಳಿದ್ದಳು. ಗೆದ್ದ ದಿನ ಕಾಲಿಗೆ ಬಿದ್ದಾಗ, ಅಲ್ಲಿ ನಿನ್ನ ಮಾತು ಯಾರು ಕೇಳುತ್ತಾರೆ ಎಂದಿದ್ದಳು. ಎಲ್ಲವನ್ನೂ ಬರೆದುಕೊಳ್ಳುತ್ತಾರಮ್ಮಾ ಎಂದು ಹೆಮ್ಮೆಯಿಂದ ಹೇಳಿದ್ದ. ಬರೆದುಕೊಂಡು, ಎಂದು ಅವಳು ಮುಂದಿನದನ್ನು ಕೇಳಲು ಕಾದಿದ್ದಳು. ನಿಜಕ್ಕೂ ತಿಳಿಯುವ ಆಸೆಯಿಂದ, ಕಥೆ ಕೇಳುವ ಹುಡುಗಿಯ ಹಾಗೆ ಬಾಯಿ ಸ್ವಲ್ಪ ತೆರೆದು. ಅವನು ಮಾತು ಬದಲಿಸಿದ್ದ.

ಎಂಟು ಗಂಟೆಗೆ ಅವನು ಗುಲಾಬಿ ರೇಷ್ಮೆಯ ತಲೆವಸ್ತ್ರ ಕಟ್ಟಿಕೊಂಡು ವಿಹಾರಕ್ಕೆ ಹೊರಟ. ಕಟ್ಟಿಕೊಂಡಮೇಲೆ ಅದು ಕೌನ್ಸಿಲ್ಲಿಗೆ ಹೋಗುವ ತಲೆವಸ್ತ್ರವೆಂದು ನೆನಪಾಗಿ ಬಿಚ್ಚಿ ಬಿಳಿಯದನ್ನು ಕಟ್ಟಿದ. ಬಿಳಿಯದು ತೀರಾ ಪಶ್ಚಾತ್ತಾಪಪಟ್ಟವನಂತೆ ಕಂಡಿತು. ಕೊನೆಗೆ ಅದೇ ಸರಿ ಎಂದುಕೊಂಡ. ದಾರಿಯಲ್ಲಿ ಸಂತೆಯ ಹೆಂಗಸರು ಮಾತು ನಿಲ್ಲಿಸಿದರು, ಅವನು ದಾಟಿದ ಮೇಲೆ ನಿಂತಲ್ಲಿಂದಲೇ ಮುಂದುವರಿಸಿದರು. ವಿಹಾರದ ಮೆಟ್ಟಿಲ ಬಳಿ ಚಪ್ಪಲಿ ಬಿಡುವಾಗ, ಇಂಗ್ಲಿಷ್ ಬೂಟಿನ ಅಭ್ಯಾಸದಿಂದ ಮೆತ್ತಗಾಗಿದ್ದ ತನ್ನ ಪಾದಗಳನ್ನು ಕಂಡು ಅವು ಬೇರೆ ಯಾರದೋ ಎನ್ನಿಸಿತು. ಒಂಬತ್ತು ವರ್ಷದವನಾಗಿ ಇದೇ ಮೆಟ್ಟಿಲ ಮೇಲೆ ಕೂತು ಸಂಜೆಯ ಹಸಿವಿಗೆ ಅಳುತ್ತಿದ್ದಾಗ ಅಮ್ಮ ಬೇಲಿಯಾಚೆ ಬಂದು ನಿಂತಿದ್ದಳು. ಸೆರಗಿನಡಿಯಲ್ಲಿ ಬಾಳೆಹಣ್ಣಿನ ಬಜ್ಜಿ ಇದೆಯೆಂದು ಅವನಿಗೆ ವಾಸನೆಯಿಂದಲೇ ತಿಳಿದಿತ್ತು. ಅವಳು ಬಹಳ ಹೊತ್ತು ನಿಂತು, ಬಿಚ್ಚದೆ, ವಾಪಸು ಒಯ್ದಳು. ಮಧ್ಯಾಹ್ನವಾದ ಮೇಲೆ ಕಾಷಾಯ ಉಟ್ಟವರು ಉಣ್ಣುವಂತಿಲ್ಲ. ಪಕ್ಕದಲ್ಲಿ ಕೂತಿದ್ದ ಹುಡುಗ, ಇವತ್ತಿನ ಊ ನಂದಿಯ, ಮೂಗು ಸೆಳೆದು, ನಿಮ್ಮಮ್ಮ ಒಳ್ಳೆಯವರು ಕಣೋ ಎಂದಿದ್ದ. ಆ ಮಾತು ಇವನಿಗೆ ಆಗಲೂ ಅರ್ಥವಾಗಿರಲಿಲ್ಲ.

ಸಯಾಡೋ ಅವನನ್ನು ಕಾಯಿಸಲಿಲ್ಲ. ಕಾಯಿಸಿದ್ದರೆ ಅವನಿಗೆ ಸಮಾಧಾನವಾಗುತ್ತಿತ್ತು. ಮೂರು ಸಲ ನೆಲಕ್ಕೆ ಹಣೆ ಹಚ್ಚಿ ಎದ್ದಾಗ ಮಂಡಿ ಲಟಕ್ಕೆಂದಿತು.

"ವಯಸ್ಸಾಯ್ತು ದಾನಿ, ಇಬ್ಬರಿಗೂ," ಎಂದರು ಸಯಾಡೋ.

ಉಪಾಸಕರನ್ನೆಲ್ಲ ಅವರು ದಾನಿ ಎಂದೇ ಕರೆಯುವುದು. ಆದರೂ ನಾಲ್ಕು ತಿಂಗಳಿಂದ ಯಾರ ದಾನವನ್ನು ಮುಟ್ಟಿಲ್ಲವೋ ಅವನನ್ನು ಹಾಗೆ ಕರೆಯುವಾಗ ತುಟಿಯಂಚಾದರೂ ಕೊಂಕಬೇಡವೇ ಎಂದು ಅವನು ಹುಡುಕಿದ. ಕೊಂಕಿರಲಿಲ್ಲ. ಅವನು ಸಿದ್ಧಮಾಡಿಕೊಂಡು ಬಂದಿದ್ದ ಭಾಷಣವನ್ನು ಆರಂಭಿಸಿದ: ರಾಜಕೀಯ ಬೇರೆ, ತಾಯಿ ಬೇರೆ, ಮಗನ ತಪ್ಪಿಗೆ ತಾಯಿಗೆ ಶಿಕ್ಷೆ ಯಾವ ಕಾನೂನಿನಲ್ಲಿದೆ, ಬುದ್ಧದೇವರ ಕರುಣೆಯ ದೃಷ್ಟಿಯಿಂದ ಈ ವಿಷಯವನ್ನು ಪುನರ್‌ಪರಿಶೀಲಿಸುವುದಾದರೆ. ಪುನರ್‌ಪರಿಶೀಲಿಸುವುದಾದರೆ ಎಂಬಲ್ಲಿ ಅವನ ಬೆರಳು ತಾನಾಗಿ ಮೇಲೆದ್ದಿತು, ಸ್ಪೀಕರನ ಕಡೆ ಏಳುವಂತೆ. ಸಯಾಡೋ ಆ ಬೆರಳನ್ನು ಕುತೂಹಲದಿಂದ ನೋಡಿದರು. ಅವನು ಅದನ್ನು ಮಡಚಿಕೊಂಡ.

"ನಿನ್ನ ಮೇಲೆ ಯಾರಿಗೂ ಸಿಟ್ಟಿಲ್ಲ," ಎಂದರು ಅವರು. "ಪಾತ್ರೆ ಮಗುಚಿದ್ದು ನಿನಗೆ. ನೆಟ್ಟಗೆ ಮಾಡಿಸಿಕೊಳ್ಳೋದೂ ನಿನ್ನ ಕೈಲೇ ಇದೆ. ಆ ಕುರ್ಚಿ ಬಿಟ್ಟೆ ಅಂತ ಬರ್ದು, ಭಿಕ್ಷುಸಂಘದ ಮುಂದೆ ಮೂರು ಸಲ ತಪ್ಪಾಯ್ತು ಅನ್ನು. ಹತ್ತೂವರೆಗೆ ನಿನ್ನ ಮನೇಲಿರ್ತೀವಿ."

"ಕುರ್ಚಿ ಬಿಡದೆ, ಸ್ವಾಮಿ?"

"ಬಿಡದೆ ಹೋದ್ರೆ ಇಲ್ಲ."

ಹೊರಗೆ ಯಾರೋ ಒಣಗಿದೆಲೆ ಗುಡಿಸುತ್ತಿದ್ದರು. ಅವನು ಕಾಗದ ಕೇಳಿದ. ಕೌನ್ಸಿಲ್ಲಿಗೆ ಬರೆಯುವುದು ಇಂಗ್ಲಿಷಿನಲ್ಲೇ ಆಗಬೇಕು ಎಂದ, ಅದು ನಿಜವಾಗಿತ್ತು. ಆ ಕ್ಷಣದಲ್ಲಿ ಅವನು ಪ್ರಾಮಾಣಿಕನಾಗಿದ್ದ. ಇದನ್ನು ಆಮೇಲೆ ಅವನು ತನಗೆ ತಾನೇ ಎಷ್ಟೋ ಸಲ ಹೇಳಿಕೊಳ್ಳಲಿದ್ದ. 'ಮಹಾಸ್ವಾಮಿ' ಎಂದು ಬರೆದ. 'ನನ್ನ ತಾಯಿಯ ಮರಣದ ಕಾರಣದಿಂದ' ಎಂದು ಬರೆದ. ಅಲ್ಲಿಯವರೆಗೆ ರಾಜೀನಾಮೆಯ ಪತ್ರ, ರಜೆಯ ಪತ್ರ ಎರಡೂ ಒಂದೇ ಆಗಿದ್ದವು. ಆಮೇಲೆ ನಿಂತುಹೋಯಿತು. ಅಧಿವೇಶನದ ಮೊದಲ ದಿನ ದ್ವಾರಪಾಲಕ ತನ್ನ ಹೆಸರನ್ನು, ಮಾನ್ಯ ಎಂಬುದನ್ನು ಮುಂದೆ ಸೇರಿಸಿ, ತಪ್ಪು ಉಚ್ಚಾರದಲ್ಲಿ ಕೂಗಿದ್ದು ನೆನಪಾಯಿತು. ಆ ತಪ್ಪು ಉಚ್ಚಾರವೇ ತನ್ನ ನಿಜವಾದ ಹೆಸರೆನ್ನಿಸಿದ್ದು ನೆನಪಾಯಿತು. ಕುರ್ಚಿಯ ತೊಗಲು ಬೇಸಗೆಯಲ್ಲೂ ತಣ್ಣಗಿರುತ್ತಿತ್ತು. ಮತ್ತೆ ನೋಡಿದಾಗ ಲೇಖನಿ ಬರೆದು ಮುಗಿಸಿತ್ತು: ಮುಂದಿನ ಹದಿನೈದು ದಿನ ಸಭೆಗೆ ಹಾಜರಾಗಲು ಸಾಧ್ಯವಾಗುವುದಿಲ್ಲವಾದ್ದರಿಂದ ದಯಮಾಡಿ ಮನ್ನಿಸಬೇಕು, ತಮ್ಮ ಅತ್ಯಂತ ವಿಧೇಯ ಸೇವಕ. ಅಕ್ಷರ ಮುತ್ತಿನಂತಿತ್ತು.

"ಇಲ್ಲಿ ಇಂಗ್ಲಿಷ್ ಬರೋರು ಯಾರೂ ಇಲ್ಲ," ಎಂದರು ಸಯಾಡೋ. "ನೀನೇ ಓದಿ ಹೇಳು."

ಅಷ್ಟರಲ್ಲಿ ಹದಿನೆಂಟು ಭಿಕ್ಷುಗಳೂ ಬಂದು ಸಾಲಾಗಿ ಕೂತಿದ್ದರು. ಅವನು ಕಾಗದವನ್ನು ಕಣ್ಣಿಗೆ ಹತ್ತಿರ ಹಿಡಿದು, ಒಂದೊಂದೇ ಸಾಲಿನ ಕೆಳಗೆ ಬೆರಳಿಟ್ಟು, ಊರಿನ ಮಾತಿನಲ್ಲಿ ಓದಿದ: ನಾನು ಈ ಸ್ಥಾನವನ್ನು ಇಂದಿನಿಂದ ಬಿಟ್ಟಿದ್ದೇನೆ, ಇನ್ನು ನನಗೂ ಆ ಸಭೆಗೂ ಸಂಬಂಧವಿಲ್ಲ. ಅಷ್ಟು ಚೆನ್ನಾಗಿ ಅವನು ಕೌನ್ಸಿಲ್ಲಿನಲ್ಲೂ ಎಂದೂ ಓದಿರಲಿಲ್ಲ. ತಪ್ಪಾಯಿತು ಎಂದು ಮೂರು ಸಲ ಹೇಳಿದ. ಮೂರನೆಯ ಸಲ ಕಣ್ಣಲ್ಲಿ ನೀರೇ ಬಂತು. ಅದು ಸುಳ್ಳು ನೀರಲ್ಲ, ಆದರೆ ಯಾವುದಕ್ಕೆ ಬಂದದ್ದೆಂದು ಅವನಿಗೂ ಗೊತ್ತಾಗಲಿಲ್ಲ. ಸಯಾಡೋ ಕಾಗದ ಬೇಡಲಿಲ್ಲ. ನೀನೇ ಅಂಚೆಗೆ ಹಾಕು ಎಂದರು. "ನೀನು ಹೇಳಿದ್ದನ್ನ ನಾವು ಕೇಳಿದ್ವಿ ದಾನಿ. ನಮ್ಮ ಕೆಲಸ ಅಷ್ಟೇ."

ವಾಪಸು ಬರುವಾಗ ಕಾಲು ಹಗುರಾಗಿತ್ತು. ಕುರ್ಚಿಯೂ ಉಳಿಯಿತು, ಅಮ್ಮನಿಗೂ ದಾರಿಯಾಯಿತು, ಸಂಘವೂ ಗೆದ್ದಿತು. ಯಾರಿಗೂ ನಷ್ಟವಿಲ್ಲದೆ ಎಲ್ಲರಿಗೂ ಲಾಭವಾಗುವಂತೆ ಮಾಡುವುದೇ ರಾಜಕಾರಣವಲ್ಲವೇ. ಹದಿನೈದು ದಿನ ಕಳೆದ ಮೇಲೆ, ಸರ್ಕಾರ ರಾಜೀನಾಮೆಯನ್ನು ಒಪ್ಪಲಿಲ್ಲ, ದೇಶದ ಹಿತಕ್ಕಾಗಿ ಮುಂದುವರಿಯಲೇಬೇಕೆಂದು ಲಾಟ್ ಸಾಹೇಬರೇ ಒತ್ತಾಯಿಸಿದರು ಎಂದು ಹೇಳಿದರಾಯಿತು. ಇಷ್ಟು ಸೊಗಸಾದ ಕೆಲಸವನ್ನು ಯಾರಿಗೂ ಹೇಳದೆ ಇಟ್ಟುಕೊಳ್ಳುವುದು ಅವನಿಂದಾಗಲಿಲ್ಲ. ಅಡಿಗೆಮನೆಗೆ ಹೋಗಿ, ಸಾರಿನ ಪಾತ್ರೆಯ ಮೇಲೆ ಬಾಗಿದ್ದ ಮಾ ನ್ಯೋಳ ಕಿವಿಯಲ್ಲಿ ಬೆಣ್ಣೆಯೊಳಗಿಂದ ಕೂದಲು ತೆಗೆದಂತೆ ನಡೆದುದನ್ನೆಲ್ಲ ಹೇಳಿದ. ಅವಳು ನಗುತ್ತಾಳೆಂದುಕೊಂಡಿದ್ದ. ಮದುವೆಯಾದ ಹೊಸದರಲ್ಲಿ ಅವನ ಇಂಥ ಜಾಣತನಗಳಿಗೆ ಅವಳು ಬಾಯಿಗೆ ಕೈ ಅಡ್ಡ ಇಟ್ಟು ನಗುತ್ತಿದ್ದಳು.

"ಸಂಘದ ಎದುರಿಗೆ ಓದಿ ಹೇಳಿದ್ರಾ?" ಎಂದಳು.

ಹೂಂ ಎಂದ.

"ಅಷ್ಟು ಸುಳ್ಳನ್ನ, ಬಾಯಲ್ಲೇ?"

ಮತ್ತೆ ಇನ್ನೆಲ್ಲಿಂದ ಎಂದು ಅವನೇ ನಕ್ಕ. ಅವಳು ಸಾರಿಗೆ ಉಪ್ಪು ಹಾಕಿದಳು. ಹಾಕಿದ್ದಕ್ಕೇ ಇನ್ನೊಮ್ಮೆ ಹಾಕಿದಳೋ ಎಂದು ಅವನಿಗೆ ಅನುಮಾನವಾಯಿತು. ಕೇಳಲು ಹೊರಟವನು, ಜಗಲಿಯಲ್ಲಿ ಕೋ ಲುನ್ ಬಂದರು, ಬಂದರು ಎಂದದ್ದು ಕೇಳಿ ಹೊರಗೆ ಓಡಿದ.

ಒಂಬತ್ತು ಮಂದಿ ಬಂದರು, ಅವರ ಹಿಂದೆ ಊರು ಬಂತು. ನಾಲ್ಕು ತಿಂಗಳು ದಾರಿ ತಪ್ಪಿಸಿ ನಡೆದವರೆಲ್ಲ ದಾರಿ ನೆನಪು ಮಾಡಿಕೊಂಡು ಬಂದರು. ಡೋ ಎ ತೀ ಚಹಾದೆಲೆಯ ದೊಡ್ಡ ಬಟ್ಟಲನ್ನೇ ತಂದು, ನಿಮ್ಮಮ್ಮನ ಕೈಗುಣ ಯಾರಿಗೂ ಬರಲ್ಲ ಬಿಡಿ ಎಂದಳು. ದೇಶಭಕ್ತರ ಸಂಘದ ಕಾರ್ಯದರ್ಶಿ ಇವನ ಭುಜ ಮುಟ್ಟಿ, ದೇಶಕ್ಕಾಗಿ ತ್ಯಾಗ ಮಾಡಿದಿರಿ ಎಂದ. ಅವನು ತಲೆ ತಗ್ಗಿಸಿದ. ತಗ್ಗಿಸಿದ ತಲೆಯೊಳಗೆ ಒಂದು ಲೆಕ್ಕ ಓಡುತ್ತಿತ್ತು: ಇವರೆಲ್ಲ ಈಗ ಹೀಗಿದ್ದರೆ, ಮುಂದಿನ ಸಲ ಎಂಬತ್ತಮೂರಲ್ಲ, ಸಾವಿರ. ಆ ಲೆಕ್ಕದ ನಾಚಿಕೆಗೆ ಅವನು ಅಮ್ಮನ ಹಾಸಿಗೆಯ ಕಡೆ ನೋಡಲಿಲ್ಲ. ಭಿಕ್ಷುಗಳು ಮಾತಿಲ್ಲದೆ ಉಂಡರು. ಸಯಾಡೋ ಮುಳ್ಳು ಕರಗಿದ ಮೀನನ್ನು ಎರಡು ಸಲ ತೆಗೆದುಕೊಂಡರು. ಅವನ ಕೈಯಿಂದಲೇ ತೆಗೆದುಕೊಂಡರು. ಪಾತ್ರೆ ಮುಂದೆ ಬಂತು, ಸೌಟು ಕೆಳಗಿಳಿಯಿತು, ಅನ್ನ ಬಿತ್ತು. ಇಷ್ಟು ಸುಲಭವೆಂದು ಅವನಿಗೆ ಅತ್ತುಬಿಡಬೇಕೆನಿಸಿತು. ನಾಲ್ಕು ತಿಂಗಳು ಅಮ್ಮ ಕಾದದ್ದು ಅನ್ನ ಬೀಳುವ ಇಷ್ಟು ಸಣ್ಣ ಸದ್ದಿಗಾಗಿ.

ಉಣ್ಣುವುದು ಮುಗಿದಾಗ ಗಡಿಯಾರದಲ್ಲಿ ಹನ್ನೊಂದೂ ಮುಕ್ಕಾಲು. ಪರಿತ್ತವೆಂಬ ರಕ್ಷಾಸೂತ್ರ ಹೇಳಿ ಮುಗಿಸಿದರು. ಇನ್ನುಳಿದದ್ದು ನೀರು ಹೊಯ್ಯುವುದು: ಮನೆಯ ಯಜಮಾನ, ಯಜಮಾನಿ ಇಬ್ಬರೂ ಒಂದೇ ಬಟ್ಟಲು ಹಿಡಿದು, ತೊಟ್ಟುತೊಟ್ಟಾಗಿ ನೀರು ಬಿಡುತ್ತ, ಈ ಪುಣ್ಯದಲ್ಲಿ ಪಾಲು ತೆಗೆದುಕೋ ಎಂದು ಸತ್ತವಳನ್ನು ಹೆಸರು ಹಿಡಿದು ಕರೆಯಬೇಕು. ಕೂತವರೆಲ್ಲ ಸಾಧು ಸಾಧು ಎಂದರೆ ತೊಲೆಗಳ ನಡುವಿನ ಆ ಜೀವ ಬಾಗಿಲು ಕಂಡುಕೊಳ್ಳುತ್ತದೆ. ಜನ ಕೈ ಮುಗಿದು ಸಿದ್ಧರಾದರು. ಅಡಿಗೆಮನೆಯ ಬಾಗಿಲಲ್ಲಿ ನಿಂತಿದ್ದ ಮಾ ನ್ಯೋಳನ್ನು ಕೋ ಲುನ್ ಕರೆದ. ಅವಳು ಸೆರಗಿನಲ್ಲಿ ಕೈ ಒರೆಸಿಕೊಂಡು ಬಂದು ಗಂಡನ ಪಕ್ಕ ಮಂಡಿಯೂರಿದಳು, ಸಯಾಡೋಗೆ ಮೂರು ಸಲ ವಂದಿಸಿದಳು. ಅವಳ ಬೆರಳಿಗೆ ಅಕ್ಕಿಯ ಗಂಜಿ ಅಂಟಿ ಒಣಗಿತ್ತು. ಪ್ರತಿ ಬೆಳಿಗ್ಗೆ ಅಮ್ಮನ ಭಾರ ಹೊತ್ತಿದ್ದ ಅವಳ ಎಡಭುಜ ಒಂದು ಕೂದಲೆಳೆಯಷ್ಟು ಕೆಳಗಿದೆಯೆಂದು ಅವನು ಅಷ್ಟು ವರ್ಷದಲ್ಲಿ ಮೊದಲ ಸಲ ಕಂಡ.

ಅವನು ನೀರು ತುಂಬಿದ ಬಟ್ಟಲನ್ನು ಅವಳ ಕಡೆ ಚಾಚಿದ. ಅವಳ ಕೈ ತೊಡೆಯ ಮೇಲೇ ಇತ್ತು. ಕಾಣಿಸಲಿಲ್ಲವೇನೋ ಎಂದು ಇನ್ನಷ್ಟು ಚಾಚಿದ. ಒಂದು ತೊಟ್ಟು ಅಂಚು ದಾಟಿ ಚಾಪೆಯ ಮೇಲೆ ಬಿತ್ತು. ಹಿಂದೆ ಯಾರೋ ಕೆಮ್ಮಿದರು. ಹಿಡಿ, ಹೊತ್ತಾಯಿತು ಎಂದು ಅವನು ತುಟಿಯಲ್ಲಷ್ಟೇ ಹೇಳಿದ.

"ನಾನು ಹಿಡಿಯಲ್ಲ," ಎಂದಳು ಮಾ ನ್ಯೋ, ಸಯಾಡೋರ ಕಡೆ ನೋಡುತ್ತ. "ಅತ್ತೆ ಹೆಸರಲ್ಲಿ ಈ ನೀರನ್ನ ನಾನು ಹೊಯ್ಯಲ್ಲ."